ಉಪ್ಪುನೀರ ಗಡಿಯಲ್ಲಿ ಭತ್ತದ ಗದ್ದೆ: ಕುಂದಾಪುರ ಸೀಮೆಯ ನೆಲ-ಜಲಗಳ ಇತಿಹಾಸ

ಸಹ್ಯಾದ್ರಿಗೂ ಪಡುಗಡಲಿಗೂ ನಡುವಣ ಕರಾವಳಿಯಲ್ಲಿ ಬೈಂದೂರು, ಕುಂದಾಪುರ, ಬ್ರಹ್ಮಾವರಗಳ ಸೀಮೆಯು ತನ್ನದೇ ಆದ ವೈಶಿಷ್ಟ್ಯವನ್ನುಳ್ಳದ್ದು. ಇಲ್ಲಿ ಬೆಟ್ಟವೂ ಕಡಲೂ ಒಂದಕ್ಕೊಂದು ಬಹು ಸಮೀಪದಲ್ಲಿವೆ. 1343 ಮೀಟರು ಎತ್ತರದ ಕೊಡಚಾದ್ರಿಯ ಮಗ್ಗುಲಲ್ಲಿ ಬಿದ್ದ ಮಳೆಯು ಕೆಲವೇ ಗಾವುದ ಹರಿದು ಉಪ್ಪುನೀರನ್ನು ಸೇರುತ್ತದೆ. ವರ್ಷಕ್ಕೆ ಸುಮಾರು 4000 ಮಿಲಿಮೀಟರು ಮಳೆಯಾಗುವ ಈ ನಾಡಿನಲ್ಲಿ ಅದರ ಬಹುಪಾಲು ಜೂನಿನಿಂದ ಸೆಪ್ಟೆಂಬರಿನವರೆಗಿನ ನಾಲ್ಕು ತಿಂಗಳಲ್ಲೇ ಸುರಿದುಹೋಗುತ್ತದೆ. ಆ ಕಾಲದಲ್ಲಿ ಹೊಳೆಯ ಸಿಹಿನೀರು ಕಡಲನ್ನು ಹಿಂದಕ್ಕೆ ತಳ್ಳುತ್ತದೆ. ಮಳೆ ನಿಂತು ಹೊಳೆ ಸೊರಗಿದ ಮೇಲೆ ಕಡಲು ಹೊಳೆಯನ್ನೇರಿ ಬರುತ್ತದೆ. ಈ ಸೀಮೆಯ ಇತಿಹಾಸವನ್ನು ಅರಸರ, ಬಂದರುಗಳ, ಕೋಟೆಗಳ ಇತಿಹಾಸವಾಗಿ ಬರೆಯುವುದು ವಾಡಿಕೆ. ಆದರೆ ಆ ಎಲ್ಲ ವೈಭವಕ್ಕೂ ಆಧಾರವಾಗಿದ್ದ ಇನ್ನೊಂದು ಇತಿಹಾಸವಿದೆ. ಅದು ಉಪ್ಪುನೀರಿಗೂ ಸಿಹಿನೀರಿಗೂ ನಡುವೆ ಗೆರೆಯೊಂದನ್ನು ಎಳೆದು, ವರ್ಷವರ್ಷವೂ ಆ ಗೆರೆಯನ್ನು ಕಾಯ್ದುಕೊಂಡು ಬಂದ ಜನರ ಇತಿಹಾಸ.

ಸೌಪರ್ಣಿಕಾ, ಚಕ್ರಾ, ವಾರಾಹಿ, ಕುಬ್ಜಾ, ಕೇದಕ ಎಂಬ ಐದು ನದಿಗಳು ಗಂಗೊಳ್ಳಿಯ ಬಳಿ ಕೂಡಿ ಒಂದೇ ಅಳಿವೆಯಲ್ಲಿ ಕಡಲನ್ನು ಸೇರುವುದರಿಂದ ಅದಕ್ಕೆ ಪಂಚಗಂಗಾವಳಿ ಎಂಬ ಹೆಸರಾಗಿದೆ. ಕೊಲ್ಲೂರಿನಿಂದ ಇಳಿದು ಬರುವ ಸೌಪರ್ಣಿಕೆಯು ಮರವಂತೆಯಲ್ಲಿ ಕಡಲಿಗೆ ತಾಗಿತೋ ಎಂಬಷ್ಟು ಹತ್ತಿರ ಬಂದು, ಮತ್ತೆ ತಿರುಗಿ ತೆಂಕಣಕ್ಕೆ ಹರಿದು ಗಂಗೊಳ್ಳಿಯಲ್ಲಿ ಕಡಲನ್ನು ಕೂಡುವುದು ಪ್ರಸಿದ್ಧವಾದ ನೋಟ. ಅಲ್ಲಿ ಹೊಳೆಗೂ ಕಡಲಿಗೂ ನಡುವೆ ಇರುವುದು ಒಂದು ಹೆದ್ದಾರಿ ಮತ್ತು ಕಿರಿದಾದ ಮರಳ ದಂಡೆ ಮಾತ್ರ. ದಕ್ಷಿಣಕ್ಕೆ ಬ್ರಹ್ಮಾವರದ ಕಡೆ ಸೀತಾ ಮತ್ತು ಸ್ವರ್ಣಾ ನದಿಗಳು ಹಂಗಾರಕಟ್ಟೆ, ಕೋಡಿಬೆಂಗ್ರೆಗಳ ಬಳಿ ಕಡಲನ್ನು ಸೇರುತ್ತವೆ. ಸ್ಥಳನಾಮಗಳೇ ಇಲ್ಲಿ ನೆಲದ ಸ್ವರೂಪವನ್ನು ತಿಳಿಸುತ್ತವೆ. ಹೊಳೆಯ ನಡುಗಡ್ಡೆಯು ಕುದ್ರು. ಕಡಲಿಗೂ ಹೊಳೆಗೂ ನಡುವಣ ಮರಳುಪಟ್ಟಿಯು ಬೆಂಗ್ರೆ. ಸೂತ್ರದ ಗೊಂಬೆಯಾಟದಿಂದ ಹೆಸರಾದ ಉಪ್ಪಿನಕುದ್ರುವಿನ ಹೆಸರಿನಲ್ಲಿಯೇ ಉಪ್ಪಿದೆ.

ಹೀಗೆ ಕಡಲಿನ ಮಟ್ಟಕ್ಕೆ ಸರಿಸಮನಾಗಿರುವ ನೆಲದಲ್ಲಿ ಭತ್ತ ಬೆಳೆಯುವುದು ಸುಲಭಸಾಧ್ಯವಲ್ಲ. ಅದಕ್ಕಾಗಿ ಇಲ್ಲಿನ ರೈತರು ರೂಢಿಸಿಕೊಂಡ ಕ್ರಮವು ಸರಳವಾದರೂ ಸೂಕ್ಷ್ಮವಾದುದು. ಹೊಳೆಯಂಚಿನ ಗದ್ದೆಗಳ ಸುತ್ತ ಜೇಡಿಮಣ್ಣಿನ ದಂಡೆಯನ್ನು ಎತ್ತರಿಸಿ, ಅದರಲ್ಲಿ ಅಲ್ಲಲ್ಲಿ ನೀರು ಹಾಯುವ ಕಿಂಡಿಗಳನ್ನು ಬಿಡಲಾಗುತ್ತಿತ್ತು. ಕಡಲು ಉಬ್ಬಿ ಭರತ ಬಂದಾಗ ಹಲಗೆಯಿಂದ ಕಿಂಡಿಯನ್ನು ಮುಚ್ಚಬೇಕು. ಇಳಿತವಾದಾಗ ಅದನ್ನು ತೆರೆದು ಗದ್ದೆಯಲ್ಲಿ ನಿಂತ ನೀರನ್ನು ಹೊರಬಿಡಬೇಕು. ಮಳೆಗಾಲದ ಮೊದಲ ನೆರೆಯು ಬೇಸಗೆಯಲ್ಲಿ ಮಣ್ಣಿಗೆ ಏರಿದ ಉಪ್ಪನ್ನು ತೊಳೆದು ಒಯ್ಯುತ್ತದೆ. ಆ ಬಳಿಕವೇ ನಾಟಿ. ಮಳೆ ಹಿಂದೆಗೆದೊಡನೆ ತೋಡು-ಹೊಳೆಗಳಿಗೆ ಅಡ್ಡಲಾಗಿ ಗೂಟ ನೆಟ್ಟು, ಸೊಪ್ಪು, ಮಣ್ಣು ತುಂಬಿ ಕಟ್ಟ ಹಾಕಿ, ಮೇಲಿನ ಸಿಹಿನೀರನ್ನು ನಿಲ್ಲಿಸಿ, ಕೆಳಗಿನ ಉಪ್ಪುನೀರನ್ನು ತಡೆಯುತ್ತಿದ್ದರು. ಮುಂದಿನ ಮಳೆಗಾಲದ ನೆರೆಯು ಈ ಕಟ್ಟವನ್ನು ಕೊಚ್ಚಿಕೊಂಡು ಹೋಗುವುದು ನಿಶ್ಚಿತ. ಮರುವರ್ಷ ಮತ್ತೆ ಕಟ್ಟುವುದೂ ಅಷ್ಟೇ ನಿಶ್ಚಿತ. ದಂಡೆಯ ಹೊರಮೈಯಲ್ಲಿ ಬೆಳೆದ ಕಾಂಡ್ಲಾ ಗಿಡಗಳು ತಮ್ಮ ಬೇರುಗಳಿಂದ ಕೆಸರನ್ನು ಹಿಡಿದು, ಅಲೆಯ ಹೊಡೆತವನ್ನು ತಗ್ಗಿಸಿ, ಮೀನು-ಸಿಗಡಿಗಳ ಮರಿಗಳಿಗೆ ಆಶ್ರಯವಾಗಿದ್ದವು. ಇಲ್ಲಿ ಗಮನಿಸಬೇಕಾದ ಅಂಶವೆಂದರೆ, ಈ ವ್ಯವಸ್ಥೆಯಲ್ಲಿ ಯಾವುದೂ ಶಾಶ್ವತವಾದ ಕಟ್ಟಡವಲ್ಲ. ಶಾಶ್ವತವಾಗಿದ್ದುದು ಕಟ್ಟುವ ಕರ್ತವ್ಯ ಮಾತ್ರ. ಒಬ್ಬನ ಗದ್ದೆಯ ದಂಡೆ ಒಡೆದರೆ ಇಡೀ ಬೈಲಿಗೆ ಉಪ್ಪು ನುಗ್ಗುತ್ತಿದ್ದುದರಿಂದ ಆ ಕರ್ತವ್ಯವು ಎಲ್ಲರದಾಗಿತ್ತು.

ಈ ಗದ್ದೆಗಳ ಅಕ್ಕಿಯೇ ಮಧ್ಯಯುಗದ ಬಂದರುಗಳನ್ನು ಬೆಳೆಸಿತು. ಆಳುಪರ ರಾಜಧಾನಿಯಾಗಿ, ಬಳಿಕ ವಿಜಯನಗರದ ಕಾಲದಲ್ಲಿ ರಾಜ್ಯವೊಂದರ ಆಡಳಿತ ಕೇಂದ್ರವಾಗಿ ಮೆರೆದ ಬಾರಕೂರು ಸೀತಾನದಿಯ ಆಶ್ರಯದಲ್ಲಿದ್ದರೆ, ಬಸರೂರು ವಾರಾಹಿಯ ದಡದಲ್ಲಿತ್ತು. 14ನೆಯ ಶತಮಾನದ ಪ್ರವಾಸಿ ಇಬ್ನ್ ಬತೂತನು ಈ ಎರಡೂ ಪಟ್ಟಣಗಳನ್ನು ಉಲ್ಲೇಖಿಸಿದ್ದಾನೆ. 16ನೆಯ ಶತಮಾನದ ಆದಿಭಾಗದಲ್ಲಿ ಪೋರ್ಚುಗೀಸ್ ಬರಹಗಾರ ದುವಾರ್ತೆ ಬಾರ್ಬೊಸನು ಇಲ್ಲಿಂದ ಮಲಬಾರಿಗೂ ಹೊರನಾಡುಗಳಿಗೂ ಅಕ್ಕಿಯು ಹಡಗುಗಳಲ್ಲಿ ಹೋಗುತ್ತಿದ್ದುದನ್ನು ವರ್ಣಿಸಿದ್ದಾನೆ. 1569ರಲ್ಲಿ ಪೋರ್ಚುಗೀಸರು ಬಸರೂರನ್ನು ಹಿಡಿದುದಕ್ಕೆ ಈ ಅಕ್ಕಿಯ ಮೇಲಣ ಆಸೆಯೂ ಒಂದು ಕಾರಣ. 1665ರಲ್ಲಿ ಶಿವಾಜಿಯ ನೌಕಾಪಡೆಯು ಇದೇ ಪಟ್ಟಣದ ಮೇಲೆ ದಾಳಿ ಮಾಡಿತು. ಇಂದು ಬಾರಕೂರಿಗಾಗಲಿ ಬಸರೂರಿಗಾಗಲಿ ದೊಡ್ಡ ಹಡಗು ಬರಲಾರದು. ರಾಜಕೀಯದ ಏರಿಳಿತಗಳ ಜೊತೆಗೆ ಹೊಳೆಗಳು ತಂದು ಸುರಿದ ಹೂಳೂ ಅವುಗಳ ಅವನತಿಗೆ ಕಾರಣವಾಯಿತು. ನದಿಯು ನಿಂತಲ್ಲೇ ನಿಲ್ಲುವುದಿಲ್ಲವೆಂಬ ಪಾಠವನ್ನು ಈ ಎರಡು ಪಟ್ಟಣಗಳು ಬಹು ಹಿಂದೆಯೇ ಕಲಿಸಿದವು.

17ನೆಯ ಶತಮಾನದಲ್ಲಿ ಈ ಸೀಮೆಯು ಕೆಳದಿಯ ಅರಸರ ಆಳ್ವಿಕೆಗೆ ಸೇರಿತ್ತು. ಲಿಂಗಣ್ಣಕವಿಯ 'ಕೆಳದಿನೃಪವಿಜಯ'ವು ಈ ವೀರಶೈವ ರಾಜವಂಶದ ಚರಿತ್ರೆಯನ್ನು ನಿರೂಪಿಸುವ ಗ್ರಂಥ. 1645ರಿಂದ 1660ರವರೆಗೆ ಆಳಿದ ಶಿವಪ್ಪನಾಯಕನು ಬಸರೂರು, ಗಂಗೊಳ್ಳಿಗಳಿಂದ ಪೋರ್ಚುಗೀಸರನ್ನು ತೆರವುಗೊಳಿಸಿದನು. ಅವನ ಹೆಸರು ಜನಮನದಲ್ಲಿ ಉಳಿದುದು ಮುಖ್ಯವಾಗಿ 'ಶಿಸ್ತು' ಎಂಬ ಕಂದಾಯ ವ್ಯವಸ್ಥೆಯಿಂದ. ಮಣ್ಣಿನ ಗುಣವನ್ನೂ ಅದು ಕೊಡುವ ಫಸಲನ್ನೂ ಪರಿಶೀಲಿಸಿ ತೆರಿಗೆಯನ್ನು ನಿಗದಿಗೊಳಿಸಿದ ಈ ಕ್ರಮದ ಹಿಂದೆ, ನೆಲವೆಲ್ಲ ಒಂದೇ ಅಲ್ಲ ಎಂಬ ವಿವೇಕವಿದೆ. ಬಿದನೂರಿನ ಅರಸರಿಗೆ ಘಟ್ಟದ ಮೇಲಿನ ಕಾಡೂ ಕೆಳಗಿನ ಅಳಿವೆಯೂ ಒಂದೇ ರಾಜ್ಯದ ಎರಡು ಅಂಗಗಳಾಗಿದ್ದವು. ಮೆಣಸು ಮೇಲಿನಿಂದ ಇಳಿಯುತ್ತಿತ್ತು, ಉಪ್ಪು ಕೆಳಗಿನಿಂದ ಏರುತ್ತಿತ್ತು. ನೀರಿನ ದೃಷ್ಟಿಯಿಂದಲೂ ಈ ಎರಡು ಅಂಗಗಳು ಇಂದಿಗೂ ಒಂದೇ ಆಗಿವೆ. ಆಡಳಿತದ ಗಡಿಗಳು ಮಾತ್ರ ಬೇರೆಯಾಗಿವೆ.

1799ರಲ್ಲಿ ಕೆನರಾ ಪ್ರಾಂತವು ಈಸ್ಟ್ ಇಂಡಿಯಾ ಕಂಪನಿಯ ವಶವಾಯಿತು. 1801ರಲ್ಲಿ ಈ ದಾರಿಯಾಗಿ ಸಾಗಿದ ಫ್ರಾನ್ಸಿಸ್ ಬುಕನನ್ನನ ಪ್ರವಾಸಕಥನವು 1807ರಲ್ಲಿ ಪ್ರಕಟವಾಯಿತು. ನೀರಿನ ಆಸರೆಗೆ ತಕ್ಕಂತೆ ಗದ್ದೆಗಳನ್ನು ಬೈಲು, ಮಜಲು, ಬೆಟ್ಟು ಎಂದು ವಿಂಗಡಿಸುವ ಕರಾವಳಿಯ ಕ್ರಮವು ಆತನ ಗಮನಕ್ಕೂ ಬಂದಿತ್ತು. 1862ರಲ್ಲಿ ಉತ್ತರ ಕೆನರಾವು ಮುಂಬಯಿ ಪ್ರಾಂತಕ್ಕೆ ಸೇರಿದಾಗ ಕುಂದಾಪುರ ತಾಲ್ಲೂಕು ಮದರಾಸಿನಲ್ಲಿಯೇ ಉಳಿಯಿತು. ಆ ಕಾಲದ ಕಂದಾಯ ಪದ್ಧತಿಯಲ್ಲಿ ವಿಶೇಷವಾಗಿ ಸ್ಮರಿಸಬೇಕಾದುದು ಕುಮ್ಕಿ ಹಕ್ಕು. ವರ್ಗದಾರನ ಕೃಷಿಭೂಮಿಯಿಂದ ನೂರು ಗಜದೊಳಗಿನ ಸರಕಾರಿ ನೆಲದಲ್ಲಿ ಸೊಪ್ಪು, ತರಗೆಲೆ, ಕಟ್ಟಿಗೆಗಳನ್ನು ಪಡೆಯುವ ಸೌಲಭ್ಯವಿದು. ಗದ್ದೆಗೆ ಗೊಬ್ಬರ ಬೇಕಾದರೆ ಹತ್ತಿರದಲ್ಲೇ ಹಸಿರಿರಬೇಕು ಎಂಬುದನ್ನು ಕಾನೂನೂ ಒಪ್ಪಿಕೊಂಡಿತ್ತು. ಇದಲ್ಲದೆ ದೇವರ ಹಾಡಿಗಳು, ನಾಗಬನಗಳು, ಇಳಿಜಾರಿನಲ್ಲಿ ಮಳೆನೀರನ್ನು ಹಿಡಿದಿಡುವ ಮದಗಗಳು ಊರೂರಿನಲ್ಲಿದ್ದವು. ಮುರಕಲ್ಲಿನ ಗುಡ್ಡಗಳು ಮಳೆಯನ್ನು ಹೀರಿ ಬೇಸಗೆಯಲ್ಲಿ ಮೆಲ್ಲಗೆ ಬಾವಿಗಳಿಗೆ ಬಿಡುತ್ತಿದ್ದವು. ಹೀಗೆ ಒಳನಾಡಿನಲ್ಲಿ ನಿಂತ ಸಿಹಿನೀರಿನ ಒತ್ತಡವೇ ನೆಲದಡಿಯಲ್ಲಿ ಉಪ್ಪುನೀರನ್ನು ತಡೆಯುವ ಕಾಣದ ದಂಡೆಯಾಗಿತ್ತು.

ಕಳೆದ ಶತಮಾನದ ಉತ್ತರಾರ್ಧದಲ್ಲಿ ಈ ಕಟ್ಟು ಸಡಿಲವಾಯಿತು. 1974ರ ಭೂಸುಧಾರಣೆಯ ಶಾಸನವು ಗೇಣಿದಾರನನ್ನು ಒಡೆಯನನ್ನಾಗಿ ಮಾಡಿತು. ಅದು ಬಹುಕಾಲದಿಂದ ಸಲ್ಲಬೇಕಾಗಿದ್ದ ನ್ಯಾಯ. ಆದರೆ ಗದ್ದೆಗೆ ಒಡೆಯನು ದೊರೆತಂತೆ ಸಾಮೂಹಿಕ ದಂಡೆಗೆ ಒಡೆಯನು ದೊರೆಯಲಿಲ್ಲ. ತರುಣರು ಮುಂಬಯಿ, ಬೆಂಗಳೂರುಗಳಿಗೆ ಉದ್ಯೋಗವನ್ನರಸಿ ಹೋದರು, ಕೂಲಿ ದುಬಾರಿಯಾಯಿತು, ಗದ್ದೆಗಳು ಹಡಿಲು ಬಿದ್ದವು. ಒಂದು ಗದ್ದೆ ಹಡಿಲು ಬಿದ್ದರೆ ಅದರ ದಂಡೆಯೂ ಹಡಿಲು. ನೆರೆಯ ರೈತನು ಬೇಸಾಯ ಮಾಡಬೇಕೆಂದರೂ ಉಪ್ಪು ಅವನನ್ನು ಬಿಡದು. 1990ರ ದಶಕದಲ್ಲಿ ಹೊಳೆಯಂಚಿನ ಹಲವು ಗದ್ದೆಗಳು ಸಿಗಡಿಯ ಕೆರೆಗಳಾದವು. ಉಪ್ಪನ್ನು ಹೊರಗಿಡಲು ಕಟ್ಟಿದ ದಂಡೆಯೇ ಉಪ್ಪನ್ನು ಒಳಗಿಡುವ ದಂಡೆಯಾಯಿತು. ರೋಗದಿಂದ ಆ ಉದ್ಯಮವು ನಷ್ಟಕ್ಕೀಡಾದ ಮೇಲೆ ಕೆರೆಗಳು ಪಾಳುಬಿದ್ದವು. 1991ರ ಕರಾವಳಿ ನಿಯಂತ್ರಣ ವಲಯದ ಅಧಿಸೂಚನೆ, 1996ರ ಸುಪ್ರೀಂ ಕೋರ್ಟಿನ ತೀರ್ಪು, 2005ರ ಕರಾವಳಿ ಜಲಕೃಷಿ ಪ್ರಾಧಿಕಾರದ ಕಾಯಿದೆ ಇವೆಲ್ಲ ಆ ದಶಕದಲ್ಲೂ ಅದರ ಬಳಿಕವೂ ಬಂದ ಎಚ್ಚರಗಳು. ಅಷ್ಟರಲ್ಲಿ ಅನೇಕ ಕಡೆ ಕಾಂಡ್ಲಾ ಕಡಿದುಹೋಗಿ, ಹೊಳೆಗಳ ತಳದಿಂದ ಮರಳು ಎತ್ತುವ ಕೆಲಸವೂ ಬೆಳೆದಿತ್ತು. ತಳ ತಗ್ಗಿದ ಹೊಳೆಯಲ್ಲಿ ಭರತದ ನೀರು ಇನ್ನಷ್ಟು ಒಳಕ್ಕೆ ನುಗ್ಗುವುದು ಸಹಜ.

ಮೇಲಿನ ನೀರಿನ ಕಥೆಯೂ ಬದಲಾಯಿತು. ಪಂಚಗಂಗೆಯರಲ್ಲಿ ಒಬ್ಬಳಾದ ಚಕ್ರೆಯ ಮೇಲ್ಭಾಗದ ನೀರನ್ನು ವಿದ್ಯುತ್ತಿಗಾಗಿ ಶರಾವತಿಯ ಲಿಂಗನಮಕ್ಕಿ ಜಲಾಶಯಕ್ಕೆ ತಿರುಗಿಸಲಾಯಿತು. ವಾರಾಹಿಗೆ ಘಟ್ಟದ ಮೇಲೆ ಮಾಣಿಯಲ್ಲಿ ಅಣೆಕಟ್ಟಾಗಿ, ಹೊಸಂಗಡಿಯ ಭೂಗರ್ಭ ವಿದ್ಯುದಾಗಾರವು 1989ರಿಂದ ಕೆಲಸ ಆರಂಭಿಸಿತು. 2009ರಲ್ಲಿ ವಿಸ್ತರಣೆಗೊಂಡು ಅದರ ಸಾಮರ್ಥ್ಯವು 460 ಮೆಗಾವಾಟ್ ಆಯಿತು. ವಿದ್ಯುತ್ ಉತ್ಪಾದಿಸಿ ಹೊರಬಿಟ್ಟ ನೀರಿನಿಂದ ವಾರಾಹಿಯು ಬೇಸಗೆಯಲ್ಲೂ ಹರಿಯುವಂತಾಯಿತು. ಈ ನೀರನ್ನು ಹೊಲಗಳಿಗೆ ಒಯ್ಯುವ ವಾರಾಹಿ ನೀರಾವರಿ ಯೋಜನೆಗೆ 1979ರಲ್ಲಿ ಮಂಜೂರಾತಿ ದೊರೆತರೂ, ಕಾಲುವೆಯಲ್ಲಿ ನೀರು ಹರಿದುದು 2015ರಲ್ಲಿ. ಈ 36 ವರ್ಷಗಳಲ್ಲಿ ಕಾಲುವೆಯ ನೀರನ್ನು ನಂಬಿ ಕುಳಿತ ಒಂದು ತಲೆಮಾರು ಮುದಿಯಾಯಿತು. ಕಟ್ಟ ಹಾಕುವ ರೂಢಿಯೂ ಮರೆಯುತ್ತ ಬಂದಿತು.

ಇಂತಹ ಸಂದರ್ಭದಲ್ಲಿಯೇ ಹವಾಮಾನದ ಬದಲಾವಣೆಯು ಈ ಸೀಮೆಯ ಬಾಗಿಲಿಗೆ ಬಂದಿದೆ. 1901ರಿಂದ 2018ರವರೆಗೆ ಲೋಕದ ಸಮುದ್ರಮಟ್ಟವು ಸರಾಸರಿ 20 ಸೆಂಟಿಮೀಟರಿನಷ್ಟು ಏರಿದೆಯೆಂದು ವಿಶ್ವಸಂಸ್ಥೆಯ ಆಶ್ರಯದ ವಿಜ್ಞಾನಿಗಳ ಮಂಡಲಿಯು ತಿಳಿಸಿದೆ. ಬೆಟ್ಟದ ಮೇಲಿನವನಿಗೆ ಅದೊಂದು ಗೇಣು ಮಾತ್ರ. ಭರತದ ಮಟ್ಟಕ್ಕೆ ಸಮನಾದ ಗದ್ದೆಯವನಿಗೆ ಅದು ದಂಡೆಯ ಒಳಗು ಹೊರಗುಗಳ ಪ್ರಶ್ನೆ. ಬೆಚ್ಚಗಾಗುತ್ತಿರುವ ಅರಬ್ಬೀ ಸಮುದ್ರದಲ್ಲಿ ಉಗ್ರ ಚಂಡಮಾರುತಗಳು ಹೆಚ್ಚುತ್ತಿವೆ. 2020ರ ಸೆಪ್ಟೆಂಬರಿನಲ್ಲಿ ಉಡುಪಿ ಜಿಲ್ಲೆಯು ಭಾರಿ ನೆರೆಯನ್ನು ಕಂಡಿತು. 2021ರ ಮೇ ತಿಂಗಳಲ್ಲಿ 'ತೌಕ್ತೆ' ಚಂಡಮಾರುತದ ಅಲೆಗಳು ಇದೇ ದಡಕ್ಕೆ ಅಪ್ಪಳಿಸಿದವು. ಲೋಕವನ್ನು ಬಿಸಿಮಾಡಿದ ಹೊಗೆಯಲ್ಲಿ ಈ ಬಡ ಗದ್ದೆಗಳ ಪಾಲು ಅತ್ಯಲ್ಪ. ಅದರ ಫಲದಲ್ಲಿ ಮಾತ್ರ ಅವುಗಳಿಗೆ ದೊಡ್ಡ ಪಾಲು ಬಂದಿದೆ.

ಕಡಲಿಗೆ ಕಲ್ಲಿನ ಗೋಡೆ ಕಟ್ಟುವುದೇ ಇದಕ್ಕೆ ಪರಿಹಾರವೆಂದು ಭಾವಿಸುವವರುಂಟು. ಹೆದ್ದಾರಿಯನ್ನೂ ಮನೆಗಳನ್ನೂ ಉಳಿಸಲು ಮರವಂತೆಯಂತಹ ಕಡೆ ಅದು ಅನಿವಾರ್ಯವಾಗಿರಬಹುದು. ಆದರೆ ಒಂದೆಡೆ ಗೋಡೆಗೆ ತಾಗಿದ ಅಲೆಯು ಅದರ ಪಕ್ಕದ ಮರಳನ್ನು ಕೊರೆಯುವುದೂ ಉಂಟು. ಈ ವಿಷಯದಲ್ಲಿ ಹೊರನಾಡಿನ ಅನುಭವವೊಂದು ಬೋಧಪ್ರದವಾಗಿದೆ. 1960ರ ದಶಕದಿಂದ ಇಂದಿನ ಬಾಂಗ್ಲಾದೇಶದ ಕರಾವಳಿಯಲ್ಲಿ ಎತ್ತರದ ದಂಡೆಗಳನ್ನು ಕಟ್ಟಿ ಉಪ್ಪುನೀರನ್ನು ತಡೆಯಲಾಯಿತು. ಮೊದಮೊದಲು ಬೆಳೆ ಹೆಚ್ಚಿತು. ಆದರೆ ನೀರಿನೊಡನೆ ಹೂಳೂ ಹೊರಗೇ ಉಳಿದುದರಿಂದ ದಂಡೆಯೊಳಗಿನ ನೆಲ ತಗ್ಗಿ, ಹೊರಗಿನ ನದಿಯ ತಳ ಏರಿ, ಮಳೆನೀರು ಹೊರಹೋಗದೆ ಗದ್ದೆಗಳು ಜವುಗಾದವು. ಕೊನೆಗೆ ಕೆಲವೆಡೆ ರೈತರೇ ದಂಡೆಯನ್ನು ಒಡೆದು ಭರತದ ನೀರನ್ನು ಒಳಕ್ಕೆ ಬಿಟ್ಟುಕೊಂಡರು. ತಡೆಯುವುದನ್ನು ಮಾತ್ರ ಬಲ್ಲ ದಂಡೆಯು ಸಾಲದು, ತೆರೆಯುವುದನ್ನೂ ಅದು ಬಲ್ಲದ್ದಾಗಿರಬೇಕು ಎಂಬುದು ಇದರ ತಾತ್ಪರ್ಯ. ಕುಂದಾಪುರದ ಕಿಂಡಿಯಲ್ಲಿದ್ದುದು ಇದೇ ತಿಳಿವಳಿಕೆ.

ಈಚಿನ ವರ್ಷಗಳಲ್ಲಿ ಸಣ್ಣ ನೀರಾವರಿ ಇಲಾಖೆಯು ಕಿಂಡಿ ಅಣೆಕಟ್ಟುಗಳನ್ನೂ ಉಪ್ಪುನೀರು ತಡೆಯುವ ದಂಡೆಗಳನ್ನೂ ಕಾಂಕ್ರೀಟಿನಲ್ಲಿ ಕಟ್ಟಿಸುತ್ತಿದೆ. ಅರಣ್ಯ ಇಲಾಖೆಯು ಕಾಂಡ್ಲಾ ನೆಡಿಸುತ್ತಿದೆ. 1974ರಲ್ಲಿ ಘೋಷಿತವಾದ ಮೂಕಾಂಬಿಕಾ ಅಭಯಾರಣ್ಯವು 2011ರಲ್ಲಿ ವಿಸ್ತಾರಗೊಂಡು ಸೌಪರ್ಣಿಕೆಯ ತಲೆಗಾಪಾಗಿದೆ. 2021ರಲ್ಲಿ ಉಡುಪಿಯ ಸುತ್ತಮುತ್ತ ಹಡಿಲು ಗದ್ದೆಗಳನ್ನು ಮತ್ತೆ ಬಿತ್ತುವ ಆಂದೋಲನವೂ ನಡೆಯಿತು. ಇವೆಲ್ಲ ಆಶಾದಾಯಕವಾದ ಕಾರ್ಯಗಳು. ಆದರೆ ಕಿಂಡಿಯು ಕಾಂಕ್ರೀಟಿನದಾದರೂ ಹಲಗೆಯನ್ನು ಹಾಕುವ ದಿನವನ್ನು ತಿಳಿದು ಹಾಕುವ ಕೈ ಬೇಕು. ಮಳೆ ಹಿಂದೆಗೆದ ಮೇಲೆ ಹತ್ತು ದಿನ ತಡವಾಗಿ ಹಲಗೆ ಹಾಕಿದರೆ ಆ ವರ್ಷದ ಸಿಹಿನೀರು ಕಡಲಿನ ಪಾಲು. ಮಳೆಗೆ ಮುನ್ನ ತೆಗೆಯದಿದ್ದರೆ ನೆರೆಯು ಊರಿನ ಪಾಲು.

ಅರಸರು ಹೋದರು, ಬಂದರುಗಳು ಹೂತುಹೋದವು, ಪ್ರಾಂತಗಳ ಹೆಸರುಗಳು ಬದಲಾದವು. 1997ರಲ್ಲಿ ಉಡುಪಿ ಜಿಲ್ಲೆಯಾಯಿತು. ಆ ಬಳಿಕ ಬೈಂದೂರು, ಬ್ರಹ್ಮಾವರಗಳು ಬೇರೆ ತಾಲ್ಲೂಕುಗಳಾದವು. ಈ ಎಲ್ಲ ಬದಲಾವಣೆಗಳ ನಡುವೆಯೂ ಭತ್ತದ ಗದ್ದೆಯು ಉಳಿದುಬಂದುದು, ಒಡೆದ ದಂಡೆಯನ್ನು ಮರುವರ್ಷ ಎಲ್ಲರೂ ಕೂಡಿ ಕಟ್ಟಿದುದರಿಂದ. ಏರುತ್ತಿರುವ ಕಡಲಿನೆದುರು ಯಾವ ದಂಡೆಯೂ ಒಂದು ಬಾರಿ ಕಟ್ಟಿ ಮರೆಯತಕ್ಕದ್ದಲ್ಲ. ಆ ಕೂಡುಗೆಲಸವು ಪುನಃ ನೆಲೆಗೊಂಡರೆ ಹೊಸ ಕಟ್ಟಡಗಳು ಸಾರ್ಥಕವಾಗುತ್ತವೆ. ಇಲ್ಲವಾದರೆ ಗದ್ದೆಯ ಗಡಿಯನ್ನು ಇನ್ನು ಮುಂದೆ ಉಪ್ಪುನೀರೇ ನಿರ್ಣಯಿಸುತ್ತದೆ.