ಬಡತನವನ್ನು ಅಳೆದ ಗ್ರಂಥಗಳು

ರಾಜ್ಯೋತ್ಸವದ ಸ್ಮರಣ ಸಂಚಿಕೆಗೆ ಇತಿಹಾಸಕ್ಕೆ ಸಂಬಂಧಪಟ್ಟ ಲೇಖನವೊಂದನ್ನು ಬರೆದುಕೊಡಬೇಕೆಂದು ಸಂಘದ ಕಾರ್ಯದರ್ಶಿಗಳು ಕೇಳಿದಾಗ ನಮ್ಮ ಮನಸ್ಸು ವಾಡಿಕೆಯಂತೆ ಬನವಾಸಿಯ ಕಡೆಗೂ ಹಂಪೆಯ ಕಡೆಗೂ ಹರಿಯಿತು. ಆದರೆ ಆ ವಿಷಯಗಳನ್ನು ಬಲ್ಲವರು ಬೇಕಾದಷ್ಟು ಬರೆದಿದ್ದಾರೆ. ಬ್ಯಾಂಕಿನ ಗುಮಾಸ್ತಿಕೆಯಲ್ಲಿ ದಿನ ಕಳೆಯುವ ನಮಗೆ ಲೆಕ್ಕದ ಪುಸ್ತಕಗಳ ಪರಿಚಯವೇ ಹೆಚ್ಚು. ಆದಕಾರಣ ನಾವು ವಾಸವಾಗಿರುವ ಹಿಂಜವಾಡಿಯ ಸುತ್ತಣ ನೆಲದಲ್ಲಿ, ಅಂದರೆ ಪುಣೆಯ ಆಸುಪಾಸಿನಲ್ಲಿ ಹುಟ್ಟಿದ ಇನ್ನೊಂದು ಬಗೆಯ ಲೆಕ್ಕದ ಪುಸ್ತಕಗಳನ್ನು ಕುರಿತು ನಾಲ್ಕು ಮಾತು ಬರೆಯಲು ಹೊರಟಿದ್ದೇವೆ. ಬಡವರು ಯಾರು, ಎಷ್ಟು ಮಂದಿ, ಅವರು ಬಡವರಾದದ್ದು ಹೇಗೆ ಎಂದು ವಿಚಾರಿಸಿದ ಗ್ರಂಥಗಳು ಇವು. ಇಂಥ ಗ್ರಂಥಗಳು ಈ ಒಂದು ಜಿಲ್ಲೆಯಲ್ಲಿ ಇಷ್ಟೊಂದು ಹುಟ್ಟಿರುವುದು ನಮ್ಮಲ್ಲಿ ಬಹುಮಂದಿಗೆ ತಿಳಿಯದು.

ಮೊದಲು, ಸುಟ್ಟುಹೋದ ಪುಸ್ತಕಗಳಿಂದಲೇ ಆರಂಭಿಸಬೇಕಾಗಿದೆ. ೧೮೭೫ರ ಮೇ ೧೨ರಂದು ಪುಣೆ ಜಿಲ್ಲೆಯ ಸುಪೆ ಎಂಬ ಊರಿನಲ್ಲಿ, ಸಂತೆಯ ದಿನ, ಸುತ್ತುಮುತ್ತಿನ ಹಳ್ಳಿಗಳ ರೈತರು ಗುಂಪುಗೂಡಿ ಸಾಹುಕಾರರ ಮನೆ ಅಂಗಡಿಗಳಿಗೆ ನುಗ್ಗಿದರು. ಅವರು ಮುಖ್ಯವಾಗಿ ಹುಡುಕಿದ್ದು ಹಣವನ್ನಲ್ಲ, ಕಾಗದಗಳನ್ನು. ಸಾಲಪತ್ರಗಳೂ ವಹಿಗಳೂ ಕೈಗೆ ಸಿಕ್ಕಿದ ಕಡೆ ಬೆಂಕಿಗೆ ಬಿದ್ದವು. ಗಲಭೆ ಬೇಗನೆ ಅಹಮದನಗರ ಜಿಲ್ಲೆಗೂ ಹಬ್ಬಿತು. ಅಮೆರಿಕದಲ್ಲಿ ೧೮೬೧ರಿಂದ ೧೮೬೫ರ ವರೆಗೆ ನಡೆದ ಅಂತರ್ಯುದ್ಧದ ಕಾಲದಲ್ಲಿ ಅಲ್ಲಿನ ಹತ್ತಿ ಇಂಗ್ಲೆಂಡಿಗೆ ಹೋಗುವುದು ನಿಂತು, ನಮ್ಮ ಸೀಮೆಯ ಹತ್ತಿಗೆ ಎಲ್ಲಿಲ್ಲದ ಬೆಲೆ ಬಂದಿತ್ತು. ಸಾಹುಕಾರರು ಕೇಳಿದವರಿಗೆಲ್ಲ ಸಾಲ ಕೊಟ್ಟರು. ಯುದ್ಧ ಮುಗಿದು ಬೆಲೆ ಕುಸಿಯಿತು. ಅದೇ ಸುಮಾರಿಗೆ ಸರ್ಕಾರ ಕಂದಾಯವನ್ನು ಏರಿಸಿತು. ಸಾಲ ಮಾತ್ರ ಬಡ್ಡಿಯ ಮೇಲೆ ಬಡ್ಡಿಯಾಗಿ ನಿಂತಿತು. ಓದು ಬಾರದ ರೈತನಿಗೆ ತನ್ನ ಹೆಬ್ಬೆಟ್ಟಿನ ಮೇಲುಗಡೆ ಏನು ಬರೆದಿದೆ ಎಂಬುದೇ ತಿಳಿಯದಿದ್ದ ಮೇಲೆ, ಅವನು ಆ ಕಾಗದವನ್ನೇ ತನ್ನ ಶತ್ರುವೆಂದು ಬಗೆದದ್ದರಲ್ಲಿ ಆಶ್ಚರ್ಯವೇನು? ವಹಿ ಬರೆಯುವ ಕಸುಬಿನವರಾದ ನಮಗೆ ಈ ಸಂಗತಿಯನ್ನು ಓದುವಾಗ ಸ್ವಲ್ಪ ಅಳುಕೇ ಆಗುತ್ತದೆಂದು ಒಪ್ಪಿಕೊಳ್ಳುತ್ತೇವೆ. ಸರ್ಕಾರದವರು ಆಯೋಗವೊಂದನ್ನು ನೇಮಿಸಿ ವಿಚಾರಣೆ ಮಾಡಿಸಿದರು. ೧೮೭೯ರಲ್ಲಿ ದಖ್ಖನದ ರೈತರ ರಕ್ಷಣೆಗೆಂದು ಕಾಯಿದೆಯೂ ಬಂತು. ಪತ್ರದಲ್ಲಿ ಬರೆದಿರುವುದನ್ನೇ ನಂಬದೆ, ಅದರ ಹಿಂದಿನ ವ್ಯವಹಾರವನ್ನು ಕೆದಕಿ ನೋಡುವ ಅಧಿಕಾರ ನ್ಯಾಯಾಲಯಕ್ಕೆ ದೊರೆತದ್ದು ಆಗ.

ಪುಣೆಯ ಜೋತಿರಾವ್ ಫುಲೆಯವರು ಈ ಕಾಲವನ್ನು ಕಣ್ಣಾರೆ ಕಂಡವರು. ಅವರ ‘ಗುಲಾಮಗಿರಿ’ ೧೮೭೩ರಲ್ಲಿ ಹೊರಬಂತು. ಅಮೆರಿಕದ ನೀಗ್ರೋ ಗುಲಾಮರ ಬಿಡುಗಡೆಗಾಗಿ ದುಡಿದ ಅಲ್ಲಿಯ ಸಜ್ಜನರಿಗೆ ಅದನ್ನು ಅರ್ಪಿಸಿದ್ದಾರೆ. ಪುಣೆಯ ಗಲ್ಲಿಯೊಂದರಲ್ಲಿ ಕುಳಿತು ಬರೆದ ಮರಾಠಿ ಪುಸ್ತಕಕ್ಕೆ ಸಮುದ್ರದಾಚೆಯ ಅರ್ಪಣೆ! ಹತ್ತು ವರ್ಷಗಳ ತರುವಾಯ ಬರೆದು ಮುಗಿಸಿದ ‘ಶೇತಕರ್‍ಯಾಚಾ ಆಸೂಡ’ ಎಂಬ ಗ್ರಂಥದಲ್ಲಿ (ಆಸೂಡ ಎಂದರೆ ಬಾರುಕೋಲು) ರೈತ ಕೆಟ್ಟದ್ದು ಏಕೆಂಬುದಕ್ಕೆ ಅವರು ಕೊಡುವ ಉತ್ತರ ಆಯೋಗದವರ ಉತ್ತರಕ್ಕಿಂತ ಬೇರೆ. ಸಾಹುಕಾರನೊಬ್ಬನೇ ಕಾರಣನಲ್ಲ, ಕಂದಾಯ ಏರಿಸುವ ಸರ್ಕಾರ, ಅದರ ಕಚೇರಿಗಳನ್ನು ತುಂಬಿಕೊಂಡಿರುವ ಮೇಲುಜಾತಿಯ ನೌಕರರು, ಹುಟ್ಟಿನಿಂದ ಸಾವಿನವರೆಗೆ ದಕ್ಷಿಣೆ ಕೀಳುವ ಪುರೋಹಿತರು, ಎಲ್ಲಕ್ಕಿಂತ ಮಿಗಿಲಾಗಿ ಶೂದ್ರನಿಗೆ ವಿದ್ಯೆ ಇಲ್ಲದಿರುವುದು, ಇವೆಲ್ಲ ಒಂದೇ ಹಗ್ಗದ ಎಳೆಗಳೆಂಬುದು ಅವರ ಮತ. ಅವರ ಮಾತು ಹಲವು ಕಡೆ ಬಹಳ ಕಟು. ಎಲ್ಲವನ್ನೂ ಒಪ್ಪಬೇಕೆಂದು ನಾವು ಹೇಳುವುದಿಲ್ಲ. ಆದರೆ ಬಡತನಕ್ಕೂ ಜಾತಿಗೂ ಇರುವ ಗಂಟನ್ನು ಅಷ್ಟು ಧೈರ್ಯದಿಂದ ಎತ್ತಿ ತೋರಿಸಿದವರು ಆ ಕಾಲದಲ್ಲಿ ಮತ್ತೊಬ್ಬರನ್ನು ಕಾಣೆವು.

ಫುಲೆಯವರು ಅಂಕಿಗಳ ಗೊಡವೆಗೆ ಹೆಚ್ಚು ಹೋಗಲಿಲ್ಲ. ಆ ಕೆಲಸವನ್ನು ಮುಂಬಯಿಯ ದಾದಾಭಾಯಿ ನವರೋಜಿಯವರು ಮಾಡಿದರು. ಮನುಷ್ಯನೊಬ್ಬ ಬದುಕಿರಲು ಕನಿಷ್ಠ ಎಷ್ಟು ಬೇಕೆಂದು ತಿಳಿಯಲು ಅವರು ಆರಿಸಿಕೊಂಡ ಅಳತೆಗೋಲು ಸೆರೆಮನೆಯ ಕೈದಿಗಳ ಊಟದ ಖರ್ಚು. ದೇಶದ ಸರಾಸರಿ ಆದಾಯ ಅದಕ್ಕೂ ಸಾಲದೆಂದು ತೋರಿಸಿದರು. ಅವರ ಲೇಖನಗಳೆಲ್ಲ ಸೇರಿ ದೊಡ್ಡ ಪುಸ್ತಕವಾಗಿ ಪ್ರಕಟವಾದದ್ದು ೧೯೦೧ರಲ್ಲಿ. ಅದೇ ವರ್ಷ ಇಂಗ್ಲೆಂಡಿನಲ್ಲಿ ಸೀಬೋಮ್ ರೌನ್‌ಟ್ರೀ ಎಂಬವರು ಯಾರ್ಕ್ ನಗರದ ಬಡತನವನ್ನು ಕುರಿತ ಗ್ರಂಥವನ್ನು ಹೊರತಂದರು. ಮನೆಮನೆಗೆ ಹೋಗಿ ವಿಚಾರಿಸಿ, ಐಶ್ವರ್ಯವಂತ ಇಂಗ್ಲೆಂಡಿನಲ್ಲಿಯೂ ಆ ನಗರದ ನಾಲ್ಕನೆಯ ಒಂದು ಭಾಗಕ್ಕಿಂತ ಹೆಚ್ಚು ಜನ ಬಡತನದಲ್ಲಿದ್ದಾರೆಂದು ಅವರು ತೋರಿಸಿದಾಗ ಅಲ್ಲಿಯವರು ಬೆಚ್ಚಿಬಿದ್ದರು.

ಈ ರೌನ್‌ಟ್ರೀಯವರ ಜಾಡು ಹಿಡಿದು ಇಂಗ್ಲೆಂಡಿನ ಬೆಡ್‌ಫರ್ಡ್ ಸೀಮೆಯ ಒಂದು ಹಳ್ಳಿಯನ್ನು ಪರೀಕ್ಷೆ ಮಾಡಿದವರು ಹೆರಾಲ್ಡ್ ಮ್ಯಾನ್ ಎಂಬ ರಸಾಯನಶಾಸ್ತ್ರಜ್ಞರು. ಅವರು ೧೯೦೭ರಲ್ಲಿ ಪುಣೆಯ ಕೃಷಿ ಕಾಲೇಜಿನ ಪ್ರಿನ್ಸಿಪಾಲರಾಗಿ ಬಂದರು. ನಮ್ಮ ಲೇಖನದ ಮುಖ್ಯ ಪುರುಷರು ಇವರೇ. (ಹಿಂಜವಾಡಿಗೆ ಹೊಂದಿಕೊಂಡ ಮಾಣ ಗ್ರಾಮಕ್ಕೂ ಈ ಮಹಾಶಯರ ಹೆಸರಿಗೂ ಯಾವ ಸಂಬಂಧವೂ ಇಲ್ಲವೆಂದು ಮೊದಲೇ ಹೇಳಿಬಿಡುತ್ತೇವೆ.) ಪುಣೆಗೆ ಬಂದ ಕೆಲವು ವರ್ಷಗಳಲ್ಲಿಯೇ, ೧೯೧೨ರಲ್ಲಿ, ಅವರು ಈ ನಗರದ ಅಸ್ಪೃಶ್ಯರ ಸ್ಥಿತಿಗತಿಗಳನ್ನು ಕುರಿತು ಪ್ರಬಂಧ ಬರೆದರು. ತರುವಾಯ ತಮ್ಮ ಕಾಲೇಜಿನ ಸಹೋದ್ಯೋಗಿಗಳನ್ನು ಕೂಡಿಕೊಂಡು ಒಂದು ಹಳ್ಳಿಯನ್ನು ಹಿಡಿದು ಅಂಗುಲ ಅಂಗುಲವಾಗಿ ಪರಿಶೀಲಿಸಿದರು. ಆ ಹಳ್ಳಿ ಯಾವುದು? ಪಿಂಪಳೆ ಸೌದಾಗರ. ನಮ್ಮ ಸಂಘದ ಅನೇಕ ಸದಸ್ಯರು ವಾಕಡ ದಾಟಿ ಮನೆಗೆ ಹೋಗುವ, ಭಾನುವಾರ ಸಂಸಾರ ಸಮೇತ ಸಾಮಾನು ಕೊಳ್ಳಲು ಹೋಗುವ ಅದೇ ಪಿಂಪಳೆ ಸೌದಾಗರ!

ಗ್ರಂಥ ೧೯೧೭ರಲ್ಲಿ ಪ್ರಕಟವಾಯಿತು. ಮಣ್ಣು ಎಂಥದು, ಬಾವಿಗಳ ನೀರು ಎಂಥದು, ಬೆಳೆ ಯಾವುದು, ದನ ಎಷ್ಟು, ಸಾಲ ಎಷ್ಟು ಎಂಬುದೆಲ್ಲ ಅದರಲ್ಲಿದೆ. ಆದರೆ ಓದುಗರ ಮನಸ್ಸಿನಲ್ಲಿ ನಿಲ್ಲುವುದು ಹಿಡುವಳಿಯ ಲೆಕ್ಕ. ಹಳೆಯ ದಫ್ತರಗಳನ್ನು ತೆಗೆಸಿ ನೋಡಿದಾಗ, ಪೇಶ್ವೆಯರ ಆಳಿಕೆಯ ೧೭೭೧ರಲ್ಲಿ ಆ ಊರಿನ ಒಂದು ಹಿಡುವಳಿ ಸರಾಸರಿ ೪೦ ಎಕರೆ ಇತ್ತು. ಪೇಶ್ವೆಯರ ರಾಜ್ಯ ಮುಗಿದ ೧೮೧೮ರಲ್ಲಿ ಹದಿನೇಳೂವರೆ ಎಕರೆ. ಅಲ್ಲಿಂದ ೧೮೪೦ರ ವರೆಗಿನ ಅವಧಿಯಲ್ಲಿ ೧೪ ಎಕರೆ. ಮ್ಯಾನ್ ಅವರು ಅಳೆದ ೧೯೧೪-೧೫ರಲ್ಲಿ ಕೇವಲ ೭ ಎಕರೆ. ನೂರಕ್ಕೆ ೮೧ ಹಿಡುವಳಿಗಳು ಹತ್ತು ಎಕರೆಗೆ ಒಳಗಿದ್ದವು. ನೂರಕ್ಕೆ ೬೦ ಐದು ಎಕರೆಗೂ ಕಡಿಮೆ. ಅಣ್ಣತಮ್ಮಂದಿರು ಪಾಲಾಗುವಾಗ ಒಳ್ಳೆಯ ಹೊಲದಲ್ಲಿಯೂ ಪಾಲು, ಬರಡಿನಲ್ಲಿಯೂ ಪಾಲು ಎಂದು ಒಂದೊಂದು ತುಂಡನ್ನೂ ಮತ್ತೆ ತುಂಡರಿಸಿದ್ದರಿಂದ ಒಬ್ಬನ ಏಳು ಎಕರೆಯೂ ಒಂದೇ ಕಡೆ ಇರಲಿಲ್ಲ. ಒಬ್ಬೊಬ್ಬನಿಗೆ ಇಲ್ಲೊಂದು ಪಟ್ಟಿ, ಅಲ್ಲೊಂದು ಪಟ್ಟಿ. ನಮ್ಮ ಧಾರವಾಡ ಬಿಜಾಪುರದ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಅವರು ವಿಚಾರಿಸಿದ ೧೦೩ ಕುಟುಂಬಗಳಲ್ಲಿ ಭೂಮಿಯ ಉತ್ಪತ್ತಿಯಿಂದಲೇ ತಮ್ಮ ಮಟ್ಟಕ್ಕೆ ತಕ್ಕಂತೆ ಬದುಕಬಲ್ಲವು ಎಂಟೇ ಎಂಟು. ಹೊರಗಿನ ಕೂಲಿ ಸಂಪಾದನೆಯನ್ನು ಕೂಡಿಸಿಕೊಂಡು ಸರಿದೂಗಿಸುವವು ೨೮. ಮಿಕ್ಕ ೬೭ ಕುಟುಂಬಗಳಿಗೆ ಎರಡನ್ನೂ ಸೇರಿಸಿದರೂ ಸಾಲದು. ವರ್ಷ ವರ್ಷವೂ ಕೊರತೆ. ಪುಣೆಯೂ ಖಡಕಿಯ ಮದ್ದುಗುಂಡಿನ ಕಾರ್ಖಾನೆಯೂ ಹತ್ತಿರದಲ್ಲಿರುವ ಊರಿನ ಗತಿಯೇ ಇದು! ಒಂದೇ ಊರನ್ನು ನೋಡಿ ತೀರ್ಮಾನಕ್ಕೆ ಬರಬಾರದೆಂದು ಅವರು ಕಾನಿಟ್ಕರ ಎಂಬ ಸಹೋದ್ಯೋಗಿಯೊಡನೆ ಪಟ್ಟಣದಿಂದ ದೂರದ ಜಾತೇಗಾಂವ ಬುದ್ರುಕ ಎಂಬ ಬೆದ್ದಲುನೆಲದ ಹಳ್ಳಿಯನ್ನೂ ಪರೀಕ್ಷಿಸಿ ೧೯೨೧ರಲ್ಲಿ ಎರಡನೆಯ ಗ್ರಂಥವನ್ನು ಹೊರತಂದರು. ಅಲ್ಲಿಯ ಸ್ಥಿತಿ ಇದಕ್ಕಿಂತಲೂ ಕೆಟ್ಟದ್ದೆಂದು ತಿಳಿದುಬಂತು. ಸರ್ಕಾರದ ಸಂಬಳ ತಿನ್ನುವ ಅಧಿಕಾರಿಯೊಬ್ಬರು ಅದೇ ಸರ್ಕಾರದ ಆಳಿಕೆಯಲ್ಲಿ ಜನ ಹೀಗಿದ್ದಾರೆಂದು ಅಚ್ಚುಹಾಕಿಸಿದ್ದು ಸಾಮಾನ್ಯ ಸಂಗತಿಯಲ್ಲ. ಅವರ ಅಂಕಿಗಳನ್ನು ಮುಂದೆ ಸರ್ಕಾರವನ್ನು ಟೀಕಿಸುವವರೇ ಎತ್ತಿಕೊಂಡು ಬಳಸಿದರು. ಆ ೧೯೨೧ರಲ್ಲಿಯೇ ಹಿಂಜವಾಡಿ ಸೇರಿರುವ ಈ ಮುಳಶಿ ತಾಲ್ಲೂಕಿನಲ್ಲಿ ಟಾಟಾ ಅಣೆಕಟ್ಟಿಗೆ ಭೂಮಿ ಹೋಗುವುದರ ವಿರುದ್ಧ ಸೇನಾಪತಿ ಬಾಪಟರ ಮುಂದಾಳುತನದಲ್ಲಿ ಮಾವಳ ರೈತರ ಸತ್ಯಾಗ್ರಹ ನಡೆಯಿತು. ಪುಣೆಯಲ್ಲಿ ವಾಸವಾಗಿದ್ದ ಜಮೀನಿನ ಒಡೆಯರು ಪರಿಹಾರಧನಕ್ಕೆ ಒಪ್ಪಿದ ಮೇಲೆ ಉಳುವವರ ಹಟ ನಿಲ್ಲಲಿಲ್ಲ.

ಇಷ್ಟಾದರೂ ಹಿಡುವಳಿಯ ಲೆಕ್ಕದಲ್ಲಿ ಒಂದು ಕೊರೆ ಉಂಟು. ಏಳು ಎಕರೆ ಎಂಬುದು ಭೂಮಿ ಉಳ್ಳವರ ಸರಾಸರಿ. ಭೂಮಿಯೇ ಇಲ್ಲದವನು, ಭೂಮಿಯನ್ನು ಹಿಡಿಯುವ ಹಕ್ಕೇ ಇಲ್ಲವೆಂದು ಊರವರು ತೀರ್ಮಾನಿಸಿದವನು, ಆ ಪಟ್ಟಿಯಲ್ಲಿ ಯಾವ ಕಲಮಿನಲ್ಲಿ ಬರಬೇಕು? ಇದಕ್ಕೆ ಉತ್ತರ ಕೊಡುವ ಎರಡು ಪುಸ್ತಕಗಳು ಒಂದೇ ವರ್ಷ, ೧೯೩೩ರಲ್ಲಿ, ಎರಡು ಭಾಷೆಗಳಲ್ಲಿ ಹೊರಬಂದವು.

ಒಂದು, ಮಹರ್ಷಿ ವಿಠ್ಠಲ ರಾಮಜೀ ಶಿಂದೆಯವರ ‘ಭಾರತೀಯ ಅಸ್ಪೃಶ್ಯತೇಚಾ ಪ್ರಶ್ನ’. ಶಿಂದೆಯವರನ್ನು ನಾವು ಕನ್ನಡಿಗರು ಮರೆತಿರುವುದು ನಾಚಿಕೆಗೇಡು. ಅವರು ೧೮೭೩ರಲ್ಲಿ ಹುಟ್ಟಿದ್ದು ನಮ್ಮ ಜಮಖಂಡಿಯಲ್ಲಿ. ಮರಾಠಿ ಮನೆತನ, ಕನ್ನಡದ ನೆರೆಹೊರೆ. ಕನ್ನಡ-ಮರಾಠಿಗಳ ನಂಟನ್ನು ಕುರಿತೂ ಅವರು ಬರೆದಿದ್ದಾರೆ. ಪುಣೆಯ ಫರ್ಗ್ಯುಸನ್ ಕಾಲೇಜಿನಲ್ಲಿ ಓದಿ, ಆಕ್ಸ್‌ಫರ್ಡಿಗೂ ಹೋಗಿ ಬಂದು, ೧೯೦೬ರಲ್ಲಿ ಮುಂಬಯಿಯಲ್ಲಿ ನಿರಾಶ್ರಿತ ವರ್ಗಗಳ ಸೇವೆಗೆಂದು ಮಿಷನ್ ಸ್ಥಾಪಿಸಿದರು. ಅಸ್ಪೃಶ್ಯತೆ ಎಲ್ಲಿಂದ ಬಂತು, ಹೇಗೆ ಬೆಳೆಯಿತು ಎಂಬುದರ ಇತಿಹಾಸವನ್ನು ಹುಡುಕಿದ ಗ್ರಂಥ ಅದು.

ಇನ್ನೊಂದು, ಶಿವರಾಮ ಕಾರಂತರ ‘ಚೋಮನ ದುಡಿ’. ಚೋಮನಿಗೆ ಎತ್ತುಗಳಿವೆ, ತೋಳಿನಲ್ಲಿ ಕಸುವಿದೆ, ಬೇಸಾಯ ಮಾಡಬೇಕೆಂಬ ಆಸೆ ಇದೆ; ಗೇಣು ಭೂಮಿ ಮಾತ್ರ ಅವನಿಗೆ ಸಿಕ್ಕದು. ಏಕೆಂದರೆ ಅವನು ಹೊಲೆಯ. ಕಾಫಿ ತೋಟದ ಹಳೆಯ ಸಾಲ ಅವನ ಮಕ್ಕಳನ್ನು ಘಟ್ಟ ಹತ್ತಿಸುತ್ತದೆ. ಮ್ಯಾನ್ ಅವರ ಕೋಷ್ಟಕದಲ್ಲಿ ಚೋಮನಿಗೆ ಸ್ಥಳವಿಲ್ಲ, ಕಾರಂತರು ಕೊಟ್ಟರು. ನಲವತ್ತು ವರ್ಷಗಳ ತರುವಾಯ, ೧೯೭೪ರಲ್ಲಿ, ಕರ್ನಾಟಕದ ಭೂಸುಧಾರಣೆಯ ತಿದ್ದುಪಡಿ ಕಾಯಿದೆ ಗೇಣಿದಾರನನ್ನು ಒಡೆಯನನ್ನಾಗಿ ಮಾಡಿತು. ಆದರೆ ಚೋಮ ಗೇಣಿದಾರನೂ ಅಲ್ಲವಲ್ಲ! ಮರುವರ್ಷವೇ ಪ್ರಕಟವಾದ ಸಿದ್ಧಲಿಂಗಯ್ಯನವರ ‘ಹೊಲೆಮಾದಿಗರ ಹಾಡು’ ಆ ಮಿಕ್ಕವರ ದನಿ. ಆ ವಿಷಯ ವಾಚಕರಿಗೆ ನಮಗಿಂತ ಚೆನ್ನಾಗಿ ಗೊತ್ತಿದೆ.

ಮತ್ತೆ ಪುಣೆಗೆ ಬರೋಣ. ಇಲ್ಲಿ ೧೯೩೦ರಲ್ಲಿ ಸ್ಥಾಪಿತವಾದ ಗೋಖಲೆ ಅರ್ಥಶಾಸ್ತ್ರ ಸಂಸ್ಥೆ, ಗಾಡಗೀಳರ ನೇತೃತ್ವದಲ್ಲಿ, ಮನೆಮನೆಯ ವಿಚಾರಣೆಯ ಸಂಪ್ರದಾಯವನ್ನು ಬೆಳೆಸಿತು. ಆ ಸಂಸ್ಥೆಯ ವಿ. ಮ. ದಾಂಡೇಕರ ಮತ್ತು ನೀಲಕಂಠ ರಥ ಇಬ್ಬರೂ ಸೇರಿ ೧೯೭೧ರಲ್ಲಿ ಹೊರತಂದ ‘ಭಾರತದಲ್ಲಿ ಬಡತನ’ ಎಂಬ ಅರ್ಥದ ಇಂಗ್ಲಿಷ್ ಗ್ರಂಥದ ಹೆಸರನ್ನು ನಾವು ಬಿ.ಕಾಂ. ತರಗತಿಯಲ್ಲಿ ಬಾಯಿಪಾಠ ಮಾಡಿದ್ದೆವು. ಅದು ನಾವು ಮುಂದೆ ನೆಲೆಸಲಿರುವ ಊರಿನದೆಂದು ಆಗ ತಿಳಿದಿರಲಿಲ್ಲ. ಮನುಷ್ಯನಿಗೆ ದಿನಕ್ಕೆ ೨,೨೫೦ ಕ್ಯಾಲೊರಿಯ ಆಹಾರ ಬೇಕು. ೧೯೬೦-೬೧ರ ಬೆಲೆಗಳಲ್ಲಿ ಅಷ್ಟು ಆಹಾರ ಉಣ್ಣಬಲ್ಲವನ ತಿಂಗಳ ಒಟ್ಟು ಖರ್ಚು ಹಳ್ಳಿಯಲ್ಲಿ ೧೫ ರೂಪಾಯಿ, ಪಟ್ಟಣದಲ್ಲಿ ಇಪ್ಪತ್ತೆರಡೂವರೆ ರೂಪಾಯಿ. ಆ ಲೆಕ್ಕದಂತೆ ಹಳ್ಳಿಗರಲ್ಲಿ ನೂರಕ್ಕೆ ೪೦, ಪಟ್ಟಣಿಗರಲ್ಲಿ ನೂರಕ್ಕೆ ೫೦ ಮಂದಿ ಬಡವರು, ಎಂದು ಅವರು ಹೇಳಿದರು. ಕ್ಯಾಲೊರಿಯ ಗೆರೆ ಎಲ್ಲರಿಗೂ ಒಂದೇ ಆಗಲಾರದೆಂದು ಪುಣೆಯವರೇ ಆದ ಸುಖಾತ್ಮೆಯವರು ಮುಂದೆ ವಾದ ಹೂಡಿದರು. ಭೂಮಿ ಹಂಚುವುದರಿಂದ ಬಡತನ ತೀರದು, ಕೆಲಸ ಕೊಡಬೇಕು ಎಂಬುದು ದಾಂಡೇಕರ-ರಥರ ಸಲಹೆ. ೧೯೭೨ರ ಬರಗಾಲದಲ್ಲಿ ಮಹಾರಾಷ್ಟ್ರ ಸರ್ಕಾರ ಉದ್ಯೋಗ ಖಾತರಿಯ ಯೋಜನೆಯನ್ನು ಕೈಗೊಂಡಿತು. ಇಡೀ ದೇಶಕ್ಕೆ ಅಂಥ ಕಾಯಿದೆ ಬಂದದ್ದು ೨೦೦೫ರಲ್ಲಿ.

ಈ ಗೆರೆಯ ಲೆಕ್ಕದಲ್ಲಿ ಚೋಮ ಕಡೆಗೂ ಒಳಗೆ ಬರುತ್ತಾನೆ, ಏಕೆಂದರೆ ಇಲ್ಲಿ ಅಳೆಯುವುದು ಹೊಲವನ್ನಲ್ಲ, ತಟ್ಟೆಯನ್ನು. ಆದರೆ ತಟ್ಟೆ ಏಕೆ ಬರಿದು ಎಂದು ಗೆರೆ ಕೇಳುವುದಿಲ್ಲ. ಫುಲೆಯವರು ಕೇಳಿದ್ದರು. ಒಂದು ಗ್ರಂಥ ಬಿಟ್ಟದ್ದನ್ನು ಇನ್ನೊಂದು ಹಿಡಿಯುತ್ತ ಬಂದಿರುವುದರಿಂದ, ಇವನ್ನು ಬೇರೆ ಬೇರೆಯಾಗಿ ಓದಿದವರಿಗಿಂತ ಪಕ್ಕಪಕ್ಕದಲ್ಲಿಟ್ಟು ಓದಿದವರಿಗೆ ಲಾಭ ಹೆಚ್ಚೆಂದು ನಮಗೆ ತೋರುತ್ತದೆ.

ಕಡೆಗೆ ನಮ್ಮ ಸಂಘದ ವಿಚಾರ. ಮ್ಯಾನ್ ಅವರು ಎಕರೆಯಲ್ಲಿ ಅಳೆದ ಹೊಲಗಳನ್ನು ಈಗ ಚದರಡಿಯಲ್ಲಿ ಅಳೆಯುತ್ತಾರೆ. ಆ ಹೊಲಗಳ ಮೇಲೆ ಎದ್ದ ಮನೆಗಳಲ್ಲಿ ನಾವಿದ್ದೇವೆ. ಅವನ್ನು ಕಟ್ಟಿದವರಲ್ಲಿ ಕಲಬುರಗಿ, ಯಾದಗಿರಿ, ವಿಜಯಪುರದ ಕಡೆಯ ಕನ್ನಡದವರೇ ಎಷ್ಟೋ ಮಂದಿ. ಬೆಳಗ್ಗೆ ಕೂಲಿಗಾಗಿ ನಾಕಾದಲ್ಲಿ ನಿಂತವರ ನಡುವೆ ಹಾದುಹೋದರೆ ರಾಜ್ಯೋತ್ಸವದ ವೇದಿಕೆಗಿಂತ ಹೆಚ್ಚು ಕನ್ನಡ ಕಿವಿಗೆ ಬೀಳುತ್ತದೆ. ಸಂಘದ ಸದಸ್ಯರ ಪಟ್ಟಿಯನ್ನು ಈ ಲೇಖನಕ್ಕಾಗಿ ನಾವು ಒಮ್ಮೆ ತಿರುವಿ ಹಾಕಿದೆವು. ಅದರಲ್ಲಿ ಅವರ ಪೈಕಿ ಒಬ್ಬರ ಹೆಸರೂ ಕಾಣಲಿಲ್ಲ. ಅವರನ್ನು ಬೇಡವೆಂದವರು ಯಾರೂ ಇಲ್ಲ. ವರ್ಗಣಿ ಕೇಳಲು ಹೋದವರೂ ಯಾರೂ ಇಲ್ಲ. ನಾವೂ ಹೋಗಿಲ್ಲ.

ಎರಡು ವರ್ಷದ ಹಿಂದೆ ಯಾದಗಿರಿಯ ಕಡೆಯ ಗೌಂಡಿಯೊಬ್ಬರು ಖಾತೆ ತೆರೆಯಲು ನಮ್ಮ ಕೌಂಟರಿಗೆ ಬಂದಿದ್ದರು. ಪುಣೆಯ ವಿಳಾಸವೆಂದು ಅವರು ಹೇಳಿದ್ದು ತಾವು ಕಟ್ಟುತ್ತಿದ್ದ ಕಟ್ಟಡದ ಹೆಸರು. ಅದು ಖಾಯಂ ವಿಳಾಸವೇ ಎಂದು ಕೇಳಿದಾಗ, “ಬಿಲ್ಡಿಂಗ್ ಮುಗೀತಂದ್ರ ವಿಳಾಸನೂ ಮುಗೀತರಿ ಸಾಹೇಬ್ರ” ಎಂದರು. ಊರಿನ ವಿಳಾಸದ ಮೇಲೆ ಖಾತೆ ಆಯಿತು. ಅಲ್ಲಿಂದೀಚೆಗೆ ಅವರು ಮೂರು ಸಲ ಇಲ್ಲಿಯ ವಿಳಾಸ ಬದಲಾಯಿಸಿದ್ದಾರೆ. ಕಳೆದ ತಿಂಗಳು ತುಂಬಿಸಿಕೊಟ್ಟ ಅರ್ಜಿಯಲ್ಲಿ ಊರಿನ ಹೆಸರಿನ ಕಡೆ ಬರೆದಿರುವುದು ಪಿಂಪಳೆ ಸೌದಾಗರ.