ಶೀಲಾ ಗೌಡ

ಶೀಲಾ ಗೌಡ (ಜನನ: ೧೯೫೭) ಕರ್ನಾಟಕದ ಸಮಕಾಲೀನ ಕಲಾವಿದೆ. ಇನ್‌ಸ್ಟಲೇಷನ್ ಎಂದು ಕರೆಯಲಾಗುವ ಪ್ರತಿಷ್ಠಾಪನಾ ಕಲೆ ಮತ್ತು ಶಿಲ್ಪ ಅವರ ಮುಖ್ಯ ಕ್ಷೇತ್ರಗಳು. ಸಗಣಿ, ಕುಂಕುಮ, ನೂಲು, ಕೂದಲು, ಧೂಪದ ಪುಡಿ, ಡಾಂಬರಿನ ಪೀಪಾಯಿ ಮೊದಲಾದ ನಿತ್ಯಬಳಕೆಯ ವಸ್ತುಗಳಿಂದ ಕೃತಿಗಳನ್ನು ರಚಿಸಿ, ಶ್ರಮ, ಹಿಂಸೆ ಮತ್ತು ನಂಬಿಕೆಗಳ ಕುರಿತು ನೋಡುಗರನ್ನು ಚಿಂತನೆಗೆ ಹಚ್ಚಿದವರೆಂದು ಅವರು ಪ್ರಸಿದ್ಧರು. ಬೆಂಗಳೂರಿನಲ್ಲಿ ನೆಲೆಸಿದ್ದಾರೆ.

ಜೀವನ ಮತ್ತು ಶಿಕ್ಷಣ

ಶೀಲಾ ಗೌಡ ಜನಿಸಿದ್ದು ಭದ್ರಾವತಿಯಲ್ಲಿ. ಕಲಾವಿದ ಆರ್. ಎಂ. ಹಡಪದ್ ಅವರು ಬೆಂಗಳೂರಿನಲ್ಲಿ ಸ್ಥಾಪಿಸಿದ ಕೆನ್ ಕಲಾಶಾಲೆಯಲ್ಲಿ ಚಿತ್ರಕಲೆಯನ್ನು ಅಭ್ಯಸಿಸಿ ೧೯೭೯ರಲ್ಲಿ ಡಿಪ್ಲೊಮಾ ಪಡೆದರು. ೧೯೮೨ರಲ್ಲಿ ಶಾಂತಿನಿಕೇತನದ ವಿಶ್ವಭಾರತಿಯಿಂದ ಸ್ನಾತಕೋತ್ತರ ಡಿಪ್ಲೊಮಾ, ೧೯೮೬ರಲ್ಲಿ ಲಂಡನ್ನಿನ ರಾಯಲ್ ಕಾಲೇಜ್ ಆಫ್ ಆರ್ಟ್‌ನಿಂದ ಚಿತ್ರಕಲೆಯಲ್ಲಿ ಸ್ನಾತಕೋತ್ತರ ಪದವಿ ಗಳಿಸಿದರು. ಪತಿ ಕ್ರಿಸ್ಟಾಫ್ ಸ್ಟೋರ್ಜ್ ಸ್ವಿಟ್ಜರ್ಲೆಂಡಿನ ಕಲಾವಿದರು. ಇಬ್ಬರೂ ಕೂಡಿ ಕೆಲವು ಕೃತಿಗಳನ್ನು ರಚಿಸಿದ್ದಾರೆ.

ಚಿತ್ರಕಲೆಯಿಂದ ಪ್ರತಿಷ್ಠಾಪನೆಗೆ

ಆರಂಭದಲ್ಲಿ ಅವರು ತೈಲವರ್ಣದ ಚಿತ್ರಗಳನ್ನು ರಚಿಸುತ್ತಿದ್ದರು. ೧೯೯೦ರ ದಶಕದ ಮೊದಲ ವರ್ಷಗಳಲ್ಲಿ ದೇಶದಲ್ಲಿ ತಲೆದೋರಿದ ಕೋಮುಹಿಂಸೆ, ಅದರಲ್ಲೂ ಮುಂಬಯಿಯ ಗಲಭೆಗಳು, ಅವರ ಕಲೆಯ ದಿಕ್ಕನ್ನು ಬದಲಿಸಿದವು. ತಮ್ಮ ಕಾಲದ ಹಿಂಸೆಗೆ ಸ್ಪಂದಿಸಲು ಕ್ಯಾನ್ವಾಸು ಮತ್ತು ಬಣ್ಣ ಸಾಲವೆನಿಸಿ, ಅವರು ಸಗಣಿಯನ್ನು ಕೈಗೆತ್ತಿಕೊಂಡರು. ಅಂಗಳ ಸಾರಿಸಲು, ಬೆರಣಿ ತಟ್ಟಲು ಬಳಕೆಯಾಗುವ ಸಗಣಿ ಒಂದೆಡೆ ಪವಿತ್ರವೆನಿಸಿಕೊಂಡಿದೆ. ಇನ್ನೊಂದೆಡೆ ಬಡವರ ಉರುವಲಾಗಿ, ಹೆಣ್ಣುಮಕ್ಕಳ ದಿನನಿತ್ಯದ ದುಡಿಮೆಯಾಗಿ ಉಳಿದಿದೆ. ಗೋವು ರಾಜಕೀಯದ ಲಾಂಛನವಾಗುತ್ತಿದ್ದ ಸಂದರ್ಭದಲ್ಲಿ ಈ ವಸ್ತುವನ್ನು ಆರಿಸಿಕೊಂಡದ್ದೇ ಕೃತಿಯ ಅರ್ಥದ ಒಂದು ಭಾಗವಾಯಿತು.

ಪ್ರಮುಖ ಕೃತಿಗಳು

ಆಂಡ್ ಟೆಲ್ ಹಿಮ್ ಆಫ್ ಮೈ ಪೇನ್: ೧೯೯೮ರಲ್ಲಿ ಮೊದಲು ರೂಪುಗೊಂಡ ಈ ಕೃತಿಯ ಶೀರ್ಷಿಕೆಗೆ 'ಅವನಿಗೆ ನನ್ನ ನೋವನ್ನು ತಿಳಿಸು' ಎಂದು ಅರ್ಥ. ನೂರಾರು ಅಡಿ ಉದ್ದದ ನೂಲನ್ನು ಸೂಜಿಯ ಕಣ್ಣಿನ ಮೂಲಕ ಎಳೆದು, ಅಂತಹ ಅನೇಕ ಎಳೆಗಳನ್ನು ಕುಂಕುಮ ಬೆರೆಸಿದ ಅಂಟಿನಿಂದ ಒಂದುಗೂಡಿಸಿ ಕೆಂಪು ಹುರಿಗಳನ್ನು ಮಾಡಲಾಗಿದೆ. ಹುರಿಗಳ ತುದಿಯಲ್ಲಿ ಸೂಜಿಗಳು ಗೊಂಚಲಾಗಿ ತೂಗುತ್ತವೆ. ಗೋಡೆಯಿಂದ ನೆಲಕ್ಕೆ ಹರಿಯುವ ಈ ಹುರಿಗಳು ದೂರದಿಂದ ರೇಖಾಚಿತ್ರದಂತೆ, ಹತ್ತಿರದಿಂದ ನರನಾಡಿಗಳಂತೆ ಅಥವಾ ಹೊಕ್ಕುಳಬಳ್ಳಿಯಂತೆ ತೋರುತ್ತವೆ.

ಡಾರ್ಕ್‌ರೂಮ್ (೨೦೦೬): ರಸ್ತೆ ಕೆಲಸದ ಕೂಲಿಕಾರರು ಖಾಲಿಯಾದ ಡಾಂಬರಿನ ಪೀಪಾಯಿಗಳನ್ನು ತಟ್ಟಿ ಚಪ್ಪಟೆಯಾಗಿಸಿ ತಾತ್ಕಾಲಿಕ ಗುಡಿಸಲುಗಳನ್ನು ಕಟ್ಟಿಕೊಳ್ಳುವುದುಂಟು. ಅದೇ ಪೀಪಾಯಿಗಳಿಂದ ಕಟ್ಟಿದ ಕೃತಿಯಿದು. ಬಗ್ಗಿ ಒಳಹೊಕ್ಕವರಿಗೆ, ಮೇಲಿನ ತಗಡಿನ ರಂಧ್ರಗಳಿಂದ ಇಳಿಯುವ ಬೆಳಕು ನಕ್ಷತ್ರಗಳು ತುಂಬಿದ ಆಕಾಶದಂತೆ ಕಾಣುತ್ತದೆ.

ಕೊಲ್ಯಾಟರಲ್ (೨೦೦೭): ಧೂಪದ ಸಾಮಗ್ರಿಯನ್ನು ಜಾಲರಿಯ ಚೌಕಟ್ಟುಗಳ ಮೇಲೆ ನಾನಾ ಆಕಾರಗಳಲ್ಲಿ ಹರಡಿ ಉರಿಸಲಾಗುತ್ತದೆ. ಉರಿದ ಬಳಿಕ ಉಳಿಯುವ ಬೂದಿಯ ಆಕೃತಿಗಳೇ ಕೃತಿ. ಪೂಜೆಯ ಪರಿಮಳವನ್ನು ನೆನಪಿಸುವ ವಸ್ತು ಇಲ್ಲಿ ಯುದ್ಧದಲ್ಲಿ ಸುಟ್ಟ ನೆಲದ ನೋಟವಾಗಿ ಮಾರ್ಪಡುತ್ತದೆ.

ಕಾಗೆಬಂಗಾರ (೨೦೦೮): ಡಾಂಬರಿನ ಪೀಪಾಯಿ, ಚಪ್ಪಟೆ ತಗಡು, ಟಾರ್ಪಾಲಿನ್ ಮತ್ತು ಅಭ್ರಕವನ್ನು ಬಳಸಿದ ಈ ಕೃತಿಗೆ ಕನ್ನಡದ ಹೆಸರನ್ನೇ ಇಡಲಾಗಿದೆ. ಹೊಳೆದರೂ ಚಿನ್ನವಲ್ಲದ ಅಭ್ರಕವನ್ನು ಕನ್ನಡಿಗರು ಕಾಗೆಬಂಗಾರವೆನ್ನುತ್ತಾರೆ.

ಬಿಹೋಲ್ಡ್ (೨೦೦೯): ಹರಕೆ ಹೊತ್ತವರು ತೀರ್ಥಕ್ಷೇತ್ರಗಳಲ್ಲಿ ಮುಡಿ ಕೊಟ್ಟ ಕೂದಲಿನಲ್ಲಿ ಉದ್ದನೆಯದು ಕೃತಕ ಕೇಶದ ಉದ್ಯಮಕ್ಕೆ ಮಾರಾಟವಾಗುತ್ತದೆ. ಗಿಡ್ಡ ಕೂದಲಿನಿಂದ ಹೊಸೆದ ಹಗ್ಗವನ್ನು ದೃಷ್ಟಿ ತಾಕದಿರಲೆಂದು ವಾಹನಗಳ ಬಂಪರಿಗೆ ಕಟ್ಟುವ ರೂಢಿಯಿದೆ. ಸುಮಾರು ೪,೦೦೦ ಮೀಟರ್ ಉದ್ದದ ಕೂದಲ ಹಗ್ಗದಿಂದ ಉಕ್ಕಿನ ಬಂಪರುಗಳನ್ನು ತೂಗುಹಾಕಿರುವ ಈ ಕೃತಿಯಲ್ಲಿ, ನವಿರಾದ ಕೂದಲು ಭಾರವಾದ ಲೋಹವನ್ನು ಹೊತ್ತು ನಿಲ್ಲುತ್ತದೆ. ಇದು ಈಗ ಲಂಡನ್ನಿನ ಟೇಟ್ ಸಂಗ್ರಹದಲ್ಲಿದೆ.

ಸ್ಟಾಪ್‌ಓವರ್ (೨೦೧೨): ಕ್ರಿಸ್ಟಾಫ್ ಸ್ಟೋರ್ಜ್ ಅವರೊಡನೆ ಮೊದಲ ಕೊಚ್ಚಿ-ಮುಝಿರಿಸ್ ಬಿಯೆನಾಲೆಗಾಗಿ ರಚಿಸಿದ ಕೃತಿ. ಮಿಕ್ಸಿ, ಗ್ರೈಂಡರುಗಳು ಬಂದ ಮೇಲೆ ಮನೆಗಳಿಂದ ಹೊರಬಿದ್ದ ರುಬ್ಬುವ ಕಲ್ಲುಗಳನ್ನು ಫೋರ್ಟ್ ಕೊಚ್ಚಿಗೆ ಸಾಗಿಸಿ, ಸಂಬಾರ ಪದಾರ್ಥಗಳ ವ್ಯಾಪಾರ ನಡೆದ ಆ ಬಂದರು ಪಟ್ಟಣದಲ್ಲಿ ಇರಿಸಲಾಯಿತು.

ಪ್ರದರ್ಶನಗಳು

೨೦೦೭ರಲ್ಲಿ ಜರ್ಮನಿಯ ಕಾಸೆಲ್‌ನಲ್ಲಿ ನಡೆದ ೧೨ನೆಯ ಡಾಕ್ಯುಮೆಂಟಾ, ೨೦೦೯ರ ೫೩ನೆಯ ವೆನಿಸ್ ಬಿಯೆನಾಲೆಗಳಲ್ಲಿ ಅವರ ಕೃತಿಗಳು ಪ್ರದರ್ಶನಗೊಂಡವು. ೨೦೧೧ರಲ್ಲಿ ಲಂಡನ್ನಿನ ಇನಿವಾ, ೨೦೧೩ರಲ್ಲಿ ನೆದರ್ಲೆಂಡ್ಸಿನ ಐಂಧೋವನ್ ನಗರದ ವಾನ್ ಆಬೆ ವಸ್ತುಸಂಗ್ರಹಾಲಯ, ೨೦೧೭ರಲ್ಲಿ ಬರ್ಮಿಂಗ್‌ಹ್ಯಾಮಿನ ಐಕಾನ್ ಗ್ಯಾಲರಿಗಳಲ್ಲಿ ಏಕವ್ಯಕ್ತಿ ಪ್ರದರ್ಶನಗಳು ನಡೆದವು. ೨೦೧೯ರಲ್ಲಿ ಮಿಲಾನಿನ ಪಿರೆಲ್ಲಿ ಹ್ಯಾಂಗರ್‌ಬಿಕೊಕ್ಕಾದಲ್ಲಿ 'ರಿಮೇನ್ಸ್' ಎಂಬ ಹೆಸರಿನಲ್ಲಿ ನಡೆದದ್ದು ಇಟಲಿಯಲ್ಲಿ ಅವರ ಮೊದಲ ಏಕವ್ಯಕ್ತಿ ಪ್ರದರ್ಶನ.

ಪ್ರಶಸ್ತಿ ಮತ್ತು ಗೌರವಗಳು

೨೦೧೨ರಲ್ಲಿ ವೇಲ್ಸಿನ ಆರ್ಟಿಸ್ ಮುಂಡಿ ಪ್ರಶಸ್ತಿಯ ಹಾಗೂ ೨೦೧೪ರಲ್ಲಿ ಹ್ಯೂಗೊ ಬಾಸ್ ಪ್ರಶಸ್ತಿಯ ಅಂತಿಮ ಪಟ್ಟಿಯಲ್ಲಿ ಅವರ ಹೆಸರಿತ್ತು. ೨೦೧೩ರಲ್ಲಿ ಕರ್ನಾಟಕ ರಾಜ್ಯೋತ್ಸವ ಪ್ರಶಸ್ತಿ ಸಂದಿತು. ೨೦೧೯ರಲ್ಲಿ ಮರಿಯಾ ಲಾಸ್ನಿಗ್ ಪ್ರಶಸ್ತಿಗೆ ಪಾತ್ರರಾದರು. ಇದರ ಅಂಗವಾಗಿ ೨೦೨೦ರಲ್ಲಿ ಮ್ಯೂನಿಕ್‌ನ ಲೆನ್‌ಬಾಖ್‌ಹೌಸ್ ವಸ್ತುಸಂಗ್ರಹಾಲಯದಲ್ಲಿ ಅವರ ಕೃತಿಗಳ ಪ್ರದರ್ಶನ ಏರ್ಪಟ್ಟಿತು.