ಸತು: ತಯಾರಿಕೆ ಮತ್ತು ಬಳಕೆಯ ಚರಿತ್ರೆ

ಸತು ನೀಲಿ ಛಾಯೆಯ ಬಿಳಿ ಲೋಹ. ಇದರ ಪರಮಾಣು ಸಂಖ್ಯೆ 30. ಸಾಮಾನ್ಯ ಉಷ್ಣತೆಯಲ್ಲಿ ಪೆಡಸಾಗಿರುವ ಈ ಲೋಹ 100ರಿಂದ 150 ಡಿಗ್ರಿ ಸೆಲ್ಸಿಯಸ್‌ವರೆಗೆ ಕಾಯಿಸಿದಾಗ ತಗಡಾಗುವಷ್ಟು ಮೆದುವಾಗುತ್ತದೆ, ಸುಮಾರು 420 ಡಿಗ್ರಿಯಲ್ಲಿ ಕರಗುತ್ತದೆ, 907 ಡಿಗ್ರಿಯಲ್ಲಿ ಕುದಿದು ಆವಿಯಾಗುತ್ತದೆ. ಸತುವಿನ ಚರಿತ್ರೆಯನ್ನು ನಿರ್ಧರಿಸಿದ್ದು ಈ ಕೊನೆಯ ಗುಣ. ಹುರಿದ ಅದಿರಿನಲ್ಲಿ ಸತುವಿನೊಡನೆ ಕೂಡಿಕೊಂಡಿರುವ ಆಮ್ಲಜನಕವನ್ನು ಇದ್ದಿಲಿನಿಂದ ಬೇರ್ಪಡಿಸಲು ಸುಮಾರು 1000 ಡಿಗ್ರಿಯ ಶಾಖ ಬೇಕಾಗುವುದರಿಂದ, ಲೋಹವು ಬಿಡುಗಡೆಯಾಗುವಾಗಲೇ ಆವಿಯಾಗಿರುತ್ತದೆ. ಆ ಆವಿ ಗಾಳಿ ಸೋಕಿದೊಡನೆ ಉರಿದು ಮತ್ತೆ ಬಿಳಿಯ ಪುಡಿಯಾಗುತ್ತದೆ. ತಾಮ್ರ, ಕಬ್ಬಿಣಗಳನ್ನು ಕೊಡುತ್ತಿದ್ದ ತೆರೆದ ಕುಲುಮೆಗಳಲ್ಲಿ ಸತು ದಕ್ಕದೆ ಹೋದದ್ದು ಇದರಿಂದಲೇ. ಆದರೆ ತಾಮ್ರದ ಚೂರುಗಳನ್ನು ಸತುವಿನ ಅದಿರು ಮತ್ತು ಇದ್ದಿಲಿನೊಡನೆ ಮುಚ್ಚಿದ ಮೂಸೆಯಲ್ಲಿ ಕಾಯಿಸಿದರೆ ತಾಮ್ರವೇ ಆ ಆವಿಯನ್ನು ಹೀರಿಕೊಳ್ಳುವುದರಿಂದ, ಶುದ್ಧ ಸತುವಿಗಿಂತ ಎಷ್ಟೋ ಶತಮಾನ ಮೊದಲೇ ಹಿತ್ತಾಳೆ ಬಳಕೆಗೆ ಬಂದಿತ್ತು.

ಈ ತೊಡಕನ್ನು ದೊಡ್ಡ ಪ್ರಮಾಣದಲ್ಲಿ ಬಿಡಿಸಿದ ಅತ್ಯಂತ ಹಳೆಯ ನೆಲೆಗಳಲ್ಲಿ ರಾಜಸ್ಥಾನದ ಉದಯಪುರದ ದಕ್ಷಿಣಕ್ಕಿರುವ ಜಾವರ್ ಪ್ರಮುಖವಾದುದು. 1980ರ ದಶಕದಲ್ಲಿ ಅಲ್ಲಿ ನಡೆದ ಉತ್ಖನನದಲ್ಲಿ ಒಂದೊಂದರಲ್ಲಿ 36 ಮೂಸೆಗಳನ್ನು ಹಿಡಿಸುವ ಮಧ್ಯಯುಗದ ಕುಲುಮೆಗಳು ಸಿಕ್ಕಿವೆ. ಬದನೆಕಾಯಿಯ ಆಕಾರದ ಮಣ್ಣಿನ ಮೂಸೆಯಲ್ಲಿ ಅದಿರು ಮತ್ತು ಇಂಗಾಲಯುಕ್ತ ವಸ್ತುಗಳನ್ನು ತುಂಬಿ, ಬಾಯಿಗೆ ಕೊಳವೆ ಜೋಡಿಸಿ, ತೂತುಗಳಿರುವ ಹಲಗೆಯ ಮೇಲೆ ಬೋರಲಾಗಿ ನಿಲ್ಲಿಸುತ್ತಿದ್ದರು. ಮಗುಚುವಾಗ ತುಂಬಿದ್ದು ಉದುರದಂತೆ ಬಾಯಲ್ಲಿ ಸಿಕ್ಕಿಸಿದ ಕಡ್ಡಿ ಬೆಂಕಿಗೆ ಸುಟ್ಟುಹೋಗಿ ಆವಿಗೆ ದಾರಿಯಾಗುತ್ತಿತ್ತು. ಮೇಲಿನ ಕೋಣೆಯ ಉರಿಯಲ್ಲಿ ಹುಟ್ಟಿದ ಆವಿ ಹೊರಗಿನ ಗಾಳಿಗೆ ಸಿಗದೆ ಕೆಳಗಿನ ತಂಪಿಗೆ ಇಳಿದು ಲೋಹವಾಗುತ್ತಿತ್ತು. ಸಂಸ್ಕೃತದ ‘ರಸರತ್ನಸಮುಚ್ಚಯ’ವೂ ಇಂಥದೇ ಮೂಸೆಯನ್ನು ವರ್ಣಿಸುವುದರಿಂದ, ರಸಶಾಸ್ತ್ರಜ್ಞರ ಪ್ರಯೋಗವೂ ಗಣಿಯವರ ಕಸುಬೂ ಒಂದೇ ಅರಿವನ್ನು ಹಂಚಿಕೊಂಡಿದ್ದವೆಂದು ತಿಳಿಯುತ್ತದೆ. ಬಳಸಿ ಬಿಟ್ಟ ಮೂಸೆಗಳ ದಿಬ್ಬಗಳು ಇಂದಿಗೂ ಅಲ್ಲಿವೆ. ಅವುಗಳಿಂದಲೇ ಮನೆಯ ಗೋಡೆ ಕಟ್ಟಿಕೊಂಡವರೂ ಇದ್ದರು. ಯೂರೋಪು ಬಹುಕಾಲ ಏಷ್ಯದಿಂದ ಸತುವನ್ನು ತರಿಸಿಕೊಳ್ಳುತ್ತಿತ್ತು. ಇಂಗ್ಲೆಂಡಿನ ವಿಲಿಯಂ ಚಾಂಪಿಯನ್ ಆವಿಯನ್ನು ಕೆಳಕ್ಕೆ ಇಳಿಸುವ ವಿಧಾನಕ್ಕೆ 1738ರಲ್ಲಿ ಪೇಟೆಂಟ್ ಪಡೆದನು. 1746ರಲ್ಲಿ ಜರ್ಮನಿಯ ಆಂಡ್ರಿಯಾಸ್ ಮಾರ್ಗ್ರಾಫ್ ಸತುವನ್ನು ಪ್ರತ್ಯೇಕಿಸಿ ವಿವರಿಸಿದನು.

ತಯಾರಿಕೆಗೆ ಅಡ್ಡಿಯಾದ ಆಮ್ಲಜನಕದ ಸೆಳೆತವೇ ಬಳಕೆಯಲ್ಲಿ ಉಪಕಾರಿಯಾಯಿತು. ಕಬ್ಬಿಣಕ್ಕೆ ಸತುವಿನ ಲೇಪ ಕೊಟ್ಟರೆ, ಲೇಪ ಗೀರಿಹೋದ ಕಡೆಯಲ್ಲೂ ಮೊದಲು ಸವೆಯುವುದು ಸತುವೇ ಆದ್ದರಿಂದ ಕಬ್ಬಿಣಕ್ಕೆ ತುಕ್ಕು ಹತ್ತುವುದು ತಡವಾಗುತ್ತದೆ. ಫ್ರಾನ್ಸಿನ ಸ್ಟಾನಿಸ್ಲಾಸ್ ಸೊರೆಲ್ 1837ರಲ್ಲಿ ಪೇಟೆಂಟ್ ಪಡೆದ ಈ ಲೇಪನಕ್ರಮ ಚಾವಣಿಯ ತಗಡು, ನೀರಿನ ಕೊಳವೆ, ಬಕೆಟ್, ಮುಳ್ಳುತಂತಿಗಳಲ್ಲಿ ಮನೆಮನೆಗೂ ತಲುಪಿದ್ದು, ಇಂದು ಜಗತ್ತಿನ ಸತುವಿನಲ್ಲಿ ಸುಮಾರು ಅರ್ಧಪಾಲು ಇದಕ್ಕೇ ಹೋಗುತ್ತದೆ. ಟಾರ್ಚಿನ ಸಾಮಾನ್ಯ ಶುಷ್ಕಕೋಶದ ಡಬ್ಬಿಯೂ ಸತುವಿನದೇ. ಬೀದರಿನ ಬಿದರಿ ಪಾತ್ರೆಗಳಲ್ಲಿ ಸತುವಿನದೇ ಹೆಚ್ಚಿನ ಪಾಲು, ತಾಮ್ರ ಅಲ್ಪ. ಕೋಟೆಯ ಮಣ್ಣು ಮತ್ತು ನವಸಾಗರದ ದ್ರಾವಣ ತಗುಲಿದಾಗ ಈ ಮಿಶ್ರಲೋಹ ಕಪ್ಪಾಗುತ್ತದೆ, ಅದರಲ್ಲಿ ಕೂರಿಸಿದ ಬೆಳ್ಳಿ ಮಾತ್ರ ಹೊಳಪು ಕಳೆದುಕೊಳ್ಳುವುದಿಲ್ಲ.

ಜೀವಿಗಳಿಗೆ ಸತು ಬೇಕೆಂಬ ಅರಿವು ತಡವಾಗಿ ಬಂದಿತು. ಮನುಷ್ಯರಲ್ಲಿ ಇದರ ಕೊರತೆಯಿಂದ ಬೆಳವಣಿಗೆ ಕುಂಠಿತವಾಗುವುದನ್ನು ಭಾರತೀಯ ಮೂಲದ ವೈದ್ಯ ಆನಂದ ಪ್ರಸಾದ್ 1960ರ ದಶಕದಲ್ಲಿ ಇರಾನ್ ಮತ್ತು ಈಜಿಪ್ಟಿನ ಯುವಕರ ಅಧ್ಯಯನದಿಂದ ತೋರಿಸಿದರು. ಅದೇ ದಶಕದಲ್ಲಿ ಭತ್ತದ ‘ಖೈರಾ’ ರೋಗಕ್ಕೆ ಮಣ್ಣಿನಲ್ಲಿ ಸತು ಸಾಲದಿರುವುದೇ ಕಾರಣವೆಂದು ಪಂತ್‌ನಗರದಲ್ಲಿ ಗುರುತಿಸಲಾಯಿತು. ಅತಿಸಾರದಿಂದ ಬಳಲುವ ಮಕ್ಕಳಿಗೆ ಉಪ್ಪು-ಸಕ್ಕರೆಯ ಜೀವಜಲದೊಡನೆ 10ರಿಂದ 14 ದಿನ ಸತುವನ್ನೂ ಕೊಡಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಮತ್ತು ಯುನಿಸೆಫ್ 2004ರಲ್ಲಿ ಶಿಫಾರಸು ಮಾಡಿದವು; ದಿನದ ಪ್ರಮಾಣ 20 ಮಿಲಿಗ್ರಾಂ, ಆರು ತಿಂಗಳು ತುಂಬದ ಕೂಸಿಗೆ ಅದರ ಅರ್ಧ.